ಲೆಕ್ಕ ಹೇಳುವವರು ಮತ್ತು ಆಳುವವರು

(ಅರ್ಥಶಾಸ್ತ್ರಜ್ಞ ವಿ.ಕೆ.ಆರ್.ವಿ. ರಾವ್ ಅವರ ಬದುಕು ಮತ್ತು ಕಾರ್ಯವನ್ನು ಕುರಿತ ಉಪನ್ಯಾಸದ ಬರಹ ರೂಪ)

1991ರ ಜುಲೈ 24ರಂದು ಲೋಕಸಭೆಯಲ್ಲಿ ಮಂಡನೆಯಾದ ಮುಂಗಡಪತ್ರ ಬಹಳ ಮಂದಿಗೆ ನೆನಪಿದೆ. ಹಣಕಾಸು ಸಚಿವರಾಗಿದ್ದ ಮನಮೋಹನ್ ಸಿಂಗ್ ಅಂದು ದೇಶದ ಅರ್ಥವ್ಯವಸ್ಥೆಯ ದಿಕ್ಕನ್ನೇ ಬದಲಿಸಿದರು. ಅದೇ ದಿನ ಪ್ರಕಟವಾದ ಕೈಗಾರಿಕಾ ನೀತಿ ಹಲವು ದಶಕಗಳ ಲೈಸೆನ್ಸ್ ಪದ್ಧತಿಯನ್ನು ಬಹುಮಟ್ಟಿಗೆ ಕೊನೆಗಾಣಿಸಿತು. ಮರುದಿನ, ಜುಲೈ 25ರಂದು, ಎಂಬತ್ತಮೂರು ವರ್ಷದ ಹಿರಿಯ ಅರ್ಥಶಾಸ್ತ್ರಜ್ಞರೊಬ್ಬರು ತೀರಿಕೊಂಡರು. ಅವರು ವಿಜಯೇಂದ್ರ ಕಸ್ತೂರಿ ರಂಗ ವರದರಾಜ ರಾವ್. ಎಲ್ಲರಿಗೂ ಪರಿಚಿತರಾದದ್ದು ವಿ.ಕೆ.ಆರ್.ವಿ. ರಾವ್ ಎಂದು.

ಮುಂಗಡಪತ್ರ ಮಂಡಿಸಿದ ಮನಮೋಹನ್ ಸಿಂಗ್ ಒಂದು ಕಾಲಕ್ಕೆ ಪ್ರಾಧ್ಯಾಪಕರಾಗಿದ್ದ ದೆಹಲಿ ಅರ್ಥಶಾಸ್ತ್ರ ಶಾಲೆಯನ್ನು ಕಟ್ಟಿದವರು ಇದೇ ರಾವ್. ಮುಂಗಡಪತ್ರದ ಪ್ರತಿಯೊಂದು ಚರ್ಚೆಯಲ್ಲೂ ಬರುವ 'ರಾಷ್ಟ್ರೀಯ ವರಮಾನ' ಎಂಬ ಅಂಕಿಯನ್ನು ಈ ದೇಶದಲ್ಲಿ ಶಾಸ್ತ್ರೀಯ ರೀತಿಯಲ್ಲಿ ಎಣಿಸಿ ತೋರಿಸಿದವರೂ ಅವರೇ. ಸರ್ಕಾರಕ್ಕೆ ಸಲಹೆ ಹೇಳುವ ಅರ್ಥಶಾಸ್ತ್ರಜ್ಞ ಎಂದರೆ ಯಾರು, ಅವನ ಮಾತಿಗೆ ಬೆಲೆ ಬರುವುದು ಎಲ್ಲಿಂದ, ಆ ಬೆಲೆ ಎಲ್ಲಿ ಕರಗಿಹೋಗುತ್ತದೆ ಎಂಬ ಪ್ರಶ್ನೆಗಳಿಗೆ ರಾವ್ ಅವರ ಬದುಕಿನಲ್ಲಿ ಒಳ್ಳೆಯ ಉತ್ತರಗಳಿವೆ. ಅರ್ಥಶಾಸ್ತ್ರ ಓದದವರಿಗೂ ಈ ಪ್ರಶ್ನೆ ಸಂಬಂಧಪಟ್ಟದ್ದೇ. ಪಡಿತರ ಚೀಟಿ ಯಾರಿಗೆ ಸಿಗಬೇಕು, ಯಾವ ತಾಲ್ಲೂಕಿಗೆ ಎಷ್ಟು ಅನುದಾನ ಹೋಗಬೇಕು ಎಂಬ ತೀರ್ಮಾನಗಳ ಹಿಂದೆ ಯಾರೋ ಮಾಡಿದ ಲೆಕ್ಕ ಇದ್ದೇ ಇರುತ್ತದೆ.

ಒಂದು ಅಂಕಿಗಾಗಿ ನಡೆದ ಜಗಳ

ಒಂದು ದೇಶದ ಜನ ವರ್ಷಕ್ಕೆ ಸರಾಸರಿ ಎಷ್ಟು ಗಳಿಸುತ್ತಾರೆ? ಮೇಲುನೋಟಕ್ಕೆ ಇದು ಗುಮಾಸ್ತರ ಪ್ರಶ್ನೆ. ಆದರೆ ಬ್ರಿಟಿಷರ ಕಾಲದಲ್ಲಿ ಇದೇ ದೊಡ್ಡ ರಾಜಕೀಯ ಪ್ರಶ್ನೆಯಾಗಿತ್ತು. ದಾದಾಭಾಯಿ ನವರೋಜಿಯವರು 1867-68ನೇ ಸಾಲಿಗೆ ಲೆಕ್ಕ ಹಾಕಿ, ಭಾರತೀಯನ ತಲಾ ವರಮಾನ ವರ್ಷಕ್ಕೆ 20 ರೂಪಾಯಿ ಎಂದರು. ಅಷ್ಟಕ್ಕೇ ನಿಲ್ಲಿಸದೆ, ಜೈಲಿನಲ್ಲಿರುವ ಕೈದಿಯ ಊಟ ಬಟ್ಟೆಗೆ ಸರ್ಕಾರ ಮಾಡುವ ಖರ್ಚನ್ನು ಅದರ ಪಕ್ಕದಲ್ಲಿಟ್ಟು ತೋರಿಸಿದರು. ಹೊರಗಿರುವ ಸ್ವತಂತ್ರ ಪ್ರಜೆಯ ಪಾಲಿಗೆ ಕೈದಿಗೆ ಸಿಗುವಷ್ಟೂ ಇಲ್ಲ ಎಂಬುದು ಆ ಹೋಲಿಕೆಯ ಸಾರ. ಆಳುವವರಿಗೆ ಈ ಮಾತು ಚುಚ್ಚಿತು. ಮುಂದೆ ಬ್ರಿಟಿಷ್ ಅಧಿಕಾರಿಗಳು 27 ರೂಪಾಯಿ ಎಂದರು. 1901ರಲ್ಲಿ ವೈಸರಾಯ್ ಕರ್ಜನ್ 30 ರೂಪಾಯಿ ಎಂದು ಸಾರಿ, ದೇಶ ಸಮೃದ್ಧಿಯತ್ತ ಸಾಗುತ್ತಿದೆ ಎಂದು ವಾದಿಸಿದರು.

ಎರಡೂ ಕಡೆಯವರ ಲೆಕ್ಕದಲ್ಲಿ ಅಂದಾಜಿನ ಪಾಲೇ ಹೆಚ್ಚು. ಅದಕ್ಕೆ ಕಾರಣವೂ ಇತ್ತು. ಬೆಳೆಯ ಅಂಕಿ-ಅಂಶಗಳಿಗೆ ಮೂಲ ಆಧಾರ ಹಳ್ಳಿಯ ಲೆಕ್ಕ. ನಮ್ಮ ಕಡೆ ಶಾನುಭೋಗರು, ಬೇರೆಡೆ ಪಟವಾರಿಗಳು ಈ ಸಲದ ಬೆಳೆ ಹದಿನಾರಾಣೆಗೆ ಎಷ್ಟಾಣೆ ಎಂದು ಅಂದಾಜಿಸಿ ಬರೆಯುತ್ತಿದ್ದರು. ಆಣೆವಾರಿ ಎಂಬ ಆ ಪದ ಹಳೆಯ ರೈತರ ಬಾಯಲ್ಲಿ ಇಂದಿಗೂ ಕೇಳಬಹುದು. ಆಣೆ ಕಡಿಮೆ ಬರೆದರೆ ಕಂದಾಯದಲ್ಲಿ ರಿಯಾಯಿತಿ. ಜಾಸ್ತಿ ಬರೆದರೆ ಮೇಲಧಿಕಾರಿಗೆ ಸಂತೋಷ. ಕಾಯಂ ಜಮೀನ್ದಾರಿ ಪದ್ಧತಿಯಿದ್ದ ಬಂಗಾಳದಂಥ ಪ್ರಾಂತಗಳಲ್ಲಿ ಹಳ್ಳಿ ಮಟ್ಟದ ಕಂದಾಯ ಸಿಬ್ಬಂದಿಯೇ ಇಲ್ಲದ ಕಾರಣ ಈ ಅಂದಾಜೂ ಸರಿಯಾಗಿ ಸಿಗುತ್ತಿರಲಿಲ್ಲ. ಇಂಥ ತಳಪಾಯದ ಮೇಲೆ ಇಡೀ ದೇಶದ ವರಮಾನದ ಕಟ್ಟಡ ಎಬ್ಬಿಸಬೇಕಾಗಿತ್ತು.

ಕೇಂಬ್ರಿಡ್ಜ್‌ನಲ್ಲಿ ಕೂತು ಭಾರತವನ್ನು ಎಣಿಸಿದ್ದು

1908ರ ಜುಲೈ 8ರಂದು ಕಾಂಚೀಪುರದಲ್ಲಿ ಹುಟ್ಟಿದ ರಾವ್, ಮುಂಬಯಿಯಲ್ಲಿ ಅರ್ಥಶಾಸ್ತ್ರ ಓದಿ, 1930ರ ದಶಕದಲ್ಲಿ ಕೇಂಬ್ರಿಡ್ಜ್‌ಗೆ ಹೋದರು. ಜಾನ್ ಮೇನಾರ್ಡ್ ಕೇನ್ಸ್ ಅಲ್ಲಿ ತಮ್ಮ ಹೊಸ ಸಿದ್ಧಾಂತವನ್ನು ರೂಪಿಸುತ್ತಿದ್ದ ಕಾಲವದು. ಜಗತ್ತಿನಾದ್ಯಂತ ಮಹಾ ಆರ್ಥಿಕ ಕುಸಿತ. ಇಂಗ್ಲೆಂಡಿನಲ್ಲಿ ಲಕ್ಷಾಂತರ ಜನ ನಿರುದ್ಯೋಗಿಗಳು. ಅದೇ ವಾತಾವರಣದಲ್ಲಿ ಕಾಲಿನ್ ಕ್ಲಾರ್ಕ್ ಅವರಂಥವರು ರಾಷ್ಟ್ರೀಯ ವರಮಾನದ ಎಣಿಕೆಗೆ ಹೊಸ ಶಿಸ್ತು ತರುತ್ತಿದ್ದರು. ರಾವ್ ಆರಿಸಿಕೊಂಡ ಸಂಶೋಧನೆಯ ವಿಷಯ 1931-32ನೇ ಸಾಲಿನಲ್ಲಿ ಬ್ರಿಟಿಷ್ ಭಾರತದ ರಾಷ್ಟ್ರೀಯ ವರಮಾನ.

ಅವರು ಹಿಡಿದ ದಾರಿ ಸರಳವಾಗಿ ಹೇಳುವುದಾದರೆ ಹೀಗಿತ್ತು. ಭಾರತದ ಅರ್ಥವ್ಯವಸ್ಥೆಯನ್ನು ಎರಡು ಭಾಗ ಮಾಡಿದರು. ಬೇಸಾಯ, ಹೈನು, ಕಾಡು, ಗಣಿ ಇವುಗಳಲ್ಲಿ ಎಷ್ಟು ಉತ್ಪನ್ನವಾಯಿತು ಎಂದು ನೋಡಿ ಅದಕ್ಕೆ ಬೆಲೆ ಕಟ್ಟಿ, ಬೀಜ ಗೊಬ್ಬರಗಳ ಖರ್ಚು ಕಳೆಯುವುದು ಒಂದು ಭಾಗ. ವ್ಯಾಪಾರ, ಸಾರಿಗೆ, ನೌಕರಿ, ವಕೀಲಿ, ವೈದ್ಯಕೀಯ ಮುಂತಾದವುಗಳಲ್ಲಿ ಉತ್ಪನ್ನವನ್ನು ತೂಗಲು ಬರುವುದಿಲ್ಲ. ಆದ್ದರಿಂದ ಅಲ್ಲಿ ದುಡಿಯುವವರ ಸಂಪಾದನೆಯನ್ನೇ ಕೂಡಿಸುವುದು ಎರಡನೆಯ ಭಾಗ. ಕೊನೆಗೆ ವಿದೇಶದೊಂದಿಗಿನ ವರಮಾನದ ಕೊಡು-ಕೊಳ್ಳುವಿಕೆಯನ್ನು ಸೇರಿಸಿ ಕಳೆಯುವುದು. ಈ ಎರಡು ವಿಧಾನಗಳ ಬೆಸುಗೆ ಮುಂದೆ ಭಾರತದ ಅಧಿಕೃತ ಲೆಕ್ಕಕ್ಕೂ ಮಾದರಿಯಾಯಿತು.

ಬಂದ ಉತ್ತರ: ತಲಾ ವರಮಾನ ವರ್ಷಕ್ಕೆ 62 ರೂಪಾಯಿ. ತಿಂಗಳಿಗೆ ಐದು ರೂಪಾಯಿ ಚಿಲ್ಲರೆ. ಈ ಲೆಕ್ಕದಲ್ಲಿ ಎಷ್ಟರಮಟ್ಟಿಗೆ ಹೆಚ್ಚು ಕಡಿಮೆ ಇರಬಹುದು ಎಂಬುದನ್ನೂ ರಾವ್ ಹೇಳಿದರು ಎಂಬುದು ಅಂಕಿಯಷ್ಟೇ ಮುಖ್ಯ. ತನ್ನ ಅಂಕಿಯಲ್ಲಿ ತಪ್ಪಿರುವ ಸಾಧ್ಯತೆಯನ್ನು ತಾನೇ ಒಪ್ಪಿಕೊಳ್ಳುವವನ ಮಾತನ್ನು ಎದುರಾಳಿಯೂ ಸುಲಭವಾಗಿ ತಳ್ಳಿಹಾಕಲಾರ. ನವರೋಜಿಯವರದು ಫಿರ್ಯಾದಿಯ ದನಿ, ಕರ್ಜನ್ ಅವರದು ಪ್ರತಿವಾದಿಯ ದನಿ. ರಾವ್ ಅವರಿಂದ ಮೊದಲ್ಗೊಂಡು ಈ ಅಂಕಿ ಪರೀಕ್ಷೆಗೆ ಒಡ್ಡಬಹುದಾದ ಸಾಕ್ಷ್ಯವಾಯಿತು.

ದೇಶಕ್ಕೆ ಹಿಂದಿರುಗಿ ಅಹಮದಾಬಾದಿನ ಕಾಲೇಜೊಂದರಲ್ಲಿ ಪ್ರಾಂಶುಪಾಲರಾಗಿ, ಬಳಿಕ 1942ರಲ್ಲಿ ದೆಹಲಿ ವಿಶ್ವವಿದ್ಯಾಲಯದ ಅರ್ಥಶಾಸ್ತ್ರ ಪ್ರಾಧ್ಯಾಪಕರಾಗಿ ರಾವ್ ನೆಲೆನಿಂತರು. ಯುದ್ಧದ ಕೊನೆಯ ವರ್ಷಗಳಲ್ಲಿ ಸರ್ಕಾರದ ಆಹಾರ ಇಲಾಖೆಯ ಕೆಲಸಕ್ಕೆ ಕರೆ ಬಂತು. 1943ರ ಬಂಗಾಳದ ಬರಗಾಲದಲ್ಲಿ ಲಕ್ಷಾಂತರ ಜನ ಸತ್ತ ನಂತರದ ದಿನಗಳವು. ಎಲ್ಲಿ ಎಷ್ಟು ದವಸವಿದೆ ಎಂಬ ಸರಿಯಾದ ಲೆಕ್ಕ ಸರ್ಕಾರದ ಬಳಿ ಇರಲಿಲ್ಲ. ಲೆಕ್ಕವಿಲ್ಲದ ಸರ್ಕಾರ ಏನು ಮಾಡಬಲ್ಲದು, ಏನು ಮಾಡಲಾರದು ಎಂಬುದನ್ನು ಹತ್ತಿರದಿಂದ ಕಾಣುವ ಸಂದರ್ಭ ಅದು. ಆಮೇಲೆ ವಾಷಿಂಗ್ಟನ್‌ನಲ್ಲಿ ಭಾರತದ ಆಹಾರ ಮತ್ತು ಆರ್ಥಿಕ ಸಲಹೆಗಾರರಾಗಿಯೂ ಅವರು ಕೆಲಸ ಮಾಡಿದರು.

ಸ್ವಾತಂತ್ರ್ಯ ಬಂದ ಮೇಲೆ, 1949ರಲ್ಲಿ, ಸರ್ಕಾರ ರಾಷ್ಟ್ರೀಯ ವರಮಾನ ಸಮಿತಿಯನ್ನು ನೇಮಿಸಿತು. ಪಿ.ಸಿ. ಮಹಾಲನೋಬಿಸ್ ಅಧ್ಯಕ್ಷರು; ಡಿ.ಆರ್. ಗಾಡ್ಗೀಳ್ ಮತ್ತು ವಿ.ಕೆ.ಆರ್.ವಿ. ರಾವ್ ಸದಸ್ಯರು. ಸೈಮನ್ ಕುಜ್ನೆಟ್ಸ್, ರಿಚರ್ಡ್ ಸ್ಟೋನ್ ಅವರಂಥ ಹೊರದೇಶದ ತಜ್ಞರು ಸಲಹೆಗೆ ಬಂದರು. ಮುಂದೆ ಇವರಿಬ್ಬರಿಗೂ ನೊಬೆಲ್ ಪ್ರಶಸ್ತಿ ದೊರೆಯಿತು. 1954ರ ಅಂತಿಮ ವರದಿಯ ಪ್ರಕಾರ 1948-49ರಲ್ಲಿ ದೇಶದ ವರಮಾನ 8,650 ಕೋಟಿ ರೂಪಾಯಿ. ತಲಾ ವರಮಾನ ಸುಮಾರು 247 ರೂಪಾಯಿ. ನಡುವಿನ ವರ್ಷಗಳಲ್ಲಿ ಬೆಲೆಗಳು ವಿಪರೀತ ಏರಿದ್ದರಿಂದ ಇದನ್ನು ಹಿಂದಿನ 62ರ ಪಕ್ಕದಲ್ಲಿಟ್ಟು ಹಿಗ್ಗುವಂತಿರಲಿಲ್ಲ. ಆದರೆ ಬಡ ದೇಶವೊಂದು ತನ್ನ ಬಡತನವನ್ನು ತಾನೇ ಅಳೆದು, ಪ್ರಕಟಿಸಿ, ಅದರ ಮೇಲೆ ಯೋಜನೆ ಹಾಕಲು ಹೊರಟದ್ದು ಸಣ್ಣ ಸಂಗತಿಯಲ್ಲ.

ಗುರುವಿನ ಔಷಧಿ, ಬೇರೆ ರೋಗಿ

1952ರಲ್ಲಿ ರಾವ್ ಬರೆದ ಒಂದು ಪ್ರಬಂಧ ಅವರ ಸಲಹೆಗಾರಿಕೆಯ ತಿರುಳನ್ನು ತೋರಿಸುತ್ತದೆ. ಕೇನ್ಸ್ ಹೇಳಿದ 'ಗುಣಕ' ಎಂಬ ತತ್ವ ಹಿಂದುಳಿದ ದೇಶಕ್ಕೆ ಅನ್ವಯಿಸುತ್ತದೆಯೇ ಎಂಬುದು ಅದರ ವಿಷಯ.

ಗುಣಕ ಎಂದರೇನು? ಇಂಗ್ಲೆಂಡಿನಲ್ಲಿ ಕಾರ್ಖಾನೆಗಳು ಮುಚ್ಚಿವೆ, ಕಾರ್ಮಿಕರು ಮನೆಯಲ್ಲಿ ಕೂತಿದ್ದಾರೆ ಎಂದಿಟ್ಟುಕೊಳ್ಳೋಣ. ಸರ್ಕಾರ ಸಾಲ ಮಾಡಿಯಾದರೂ ಒಂದು ರಸ್ತೆ ಮಾಡಿಸುತ್ತದೆ. ಕೂಲಿ ಪಡೆದವನು ಅಂಗಡಿಯಲ್ಲಿ ಬ್ರೆಡ್ಡು, ಬಟ್ಟೆ, ಬೂಟು ಕೊಳ್ಳುತ್ತಾನೆ. ಮುಚ್ಚಿದ್ದ ಬೂಟಿನ ಕಾರ್ಖಾನೆ ಬಾಗಿಲು ತೆರೆಯುತ್ತದೆ. ಅಲ್ಲಿನ ಕಾರ್ಮಿಕನ ಸಂಬಳ ಇನ್ನೊಂದು ಅಂಗಡಿಗೆ ಹೋಗುತ್ತದೆ. ಹೀಗೆ ಸರ್ಕಾರ ಹಾಕಿದ ಒಂದು ರೂಪಾಯಿ ಹಲವು ರೂಪಾಯಿಗಳ ವರಮಾನವಾಗುತ್ತದೆ. ಯಂತ್ರಗಳಿವೆ, ಕೈಗಳಿವೆ, ಕೊಳ್ಳುವವನಿಲ್ಲ ಎಂಬುದೇ ಅಲ್ಲಿನ ರೋಗ. ಕೊಳ್ಳುವವನನ್ನು ಹುಟ್ಟಿಸಿದರೆ ಗುಣವಾಗುತ್ತದೆ.

ಈ ಮದ್ದನ್ನು ಭಾರತದ ಹಳ್ಳಿಗೆ ತಂದರೆ ಏನಾಗುತ್ತದೆ? ಇಲ್ಲಿ ಮುಚ್ಚಿದ ಕಾರ್ಖಾನೆಗಳಿಲ್ಲ, ಕಾರ್ಖಾನೆಗಳೇ ಇಲ್ಲ. ಐದು ಎಕರೆ ಹೊಲದಲ್ಲಿ ಮೂವರು ಸಾಕಾಗುವ ಕಡೆ ಆರು ಮಂದಿ ದುಡಿಯುತ್ತಾರೆ. ಅವರು ನಿರುದ್ಯೋಗಿಗಳೆಂದು ಯಾವ ಪುಸ್ತಕದಲ್ಲೂ ದಾಖಲಾಗಿಲ್ಲ. ಕೂಲಿಯ ಹಣ ಕೈಗೆ ಬಂದ ಬಡವ ಮೊದಲು ಕೊಳ್ಳುವುದು ಜೋಳ, ರಾಗಿ, ಅಕ್ಕಿ. ಬೇಡಿಕೆ ಹೆಚ್ಚಿತು ಎಂದ ಮಾತ್ರಕ್ಕೆ ನೀರಿಲ್ಲದ ಹೊಲ ಆ ವರ್ಷವೇ ಹೆಚ್ಚು ಬೆಳೆಯುವುದಿಲ್ಲ. ಜೊತೆಗೆ, ಕೈಯಲ್ಲಿ ನಾಲ್ಕು ಕಾಸು ಆಡಿದಾಗ ರೈತನ ಮನೆಯವರೂ ಒಂದು ಹೊತ್ತು ಹೆಚ್ಚಾಗಿಯೇ ಉಣ್ಣುತ್ತಾರೆ. ಸಂತೆಗೆ ಬರುವ ಕಾಳು ಇನ್ನೂ ಕಡಿಮೆಯಾಗುತ್ತದೆ. ಕೊನೆಗೆ ಗುಣಿಸುವುದು ಬೆಲೆಯೇ ಹೊರತು ಬೆಳೆಯಲ್ಲ.

ಆದ್ದರಿಂದ ಬಡ ದೇಶಕ್ಕೆ ನೋಟು ಅಚ್ಚು ಹಾಕುವ ಸುಲಭ ದಾರಿ ಇಲ್ಲ. ಹೆಚ್ಚು ದುಡಿಮೆ, ಹೆಚ್ಚು ಉಳಿತಾಯ, ನೀರಾವರಿ, ಯಂತ್ರ, ಶಿಕ್ಷಣ ಎಂಬ ಹಳೆಯ ಕಷ್ಟದ ದಾರಿಯೇ ಗತಿ ಎಂಬುದು ರಾವ್ ಅವರ ನಿಲುವು. ಕೇಂಬ್ರಿಡ್ಜ್‌ನಲ್ಲಿ ಕೇನ್ಸ್ ಅವರ ನೆರಳಿನಲ್ಲಿ ಕಲಿತವರೇ ಕೇನ್ಸ್ ಅವರ ಔಷಧಿ ನಮ್ಮ ರೋಗಿಗೆ ಒಗ್ಗದು ಎಂದು ಹೇಳಿದ್ದರಲ್ಲಿ ಅವರ ಸ್ವಂತ ಬುದ್ಧಿ ಕಾಣುತ್ತದೆ. ಗುರುವನ್ನು ಒಪ್ಪಿಸಲು ಅವರು ನಾಡಿನ ನಾಡಿಯನ್ನು ಮರೆಯಲಿಲ್ಲ.

ಈ ಪ್ರಶ್ನೆ ಬೇಗನೆ ಪುಸ್ತಕದಿಂದ ಸರ್ಕಾರದ ಮೇಜಿಗೆ ಬಂತು. 1956ರಲ್ಲಿ ಆರಂಭವಾದ ಎರಡನೇ ಪಂಚವಾರ್ಷಿಕ ಯೋಜನೆಯ ಸರ್ಕಾರಿ ವೆಚ್ಚ 4,800 ಕೋಟಿ ರೂಪಾಯಿ. ಅದರಲ್ಲಿ 1,200 ಕೋಟಿ, ಅಂದರೆ ನಾಲ್ಕನೇ ಒಂದು ಪಾಲು, ಕೊರತೆ ಹಣದಿಂದ ಹೊಂದಿಸಬೇಕಾದದ್ದು. 1955ರಲ್ಲಿ ಈ ಯೋಜನೆಯ ಚೌಕಟ್ಟನ್ನು ಪರಿಶೀಲಿಸಿದ ಅರ್ಥಶಾಸ್ತ್ರಜ್ಞರ ಮಂಡಲಿಯಲ್ಲಿ ಒಬ್ಬರು ಮಾತ್ರ ಪ್ರತ್ಯೇಕ ಭಿನ್ನಮತದ ಟಿಪ್ಪಣಿ ಬರೆದರು. ಅವರು ಆಗಿನ ದಕ್ಷಿಣ ಕನ್ನಡ ಜಿಲ್ಲೆಯಲ್ಲಿ ಹುಟ್ಟಿದ ಬಿ.ಆರ್. ಶೆಣೈ. ಹಾಸಿಗೆ ಇದ್ದಷ್ಟೇ ಕಾಲು ಚಾಚಬೇಕು, ಉಳಿತಾಯಕ್ಕೆ ಮೀರಿದ ಯೋಜನೆ ಬೆಲೆಯೇರಿಕೆ ತರುತ್ತದೆ ಎಂಬುದು ಅವರ ಎಚ್ಚರಿಕೆಯ ತಾತ್ಪರ್ಯ. ಯೋಜನೆ ಶುರುವಾದ ಎರಡು ವರ್ಷಗಳೊಳಗೆ ವಿದೇಶಿ ವಿನಿಮಯದ ಬಿಕ್ಕಟ್ಟು ಬಂದು, 1958ರಲ್ಲಿ ಭಾರತಕ್ಕೆ ನೆರವು ನೀಡುವ ದೇಶಗಳ ಕೂಟ ಸೇರಬೇಕಾಯಿತು.

ರಾವ್ ಮತ್ತು ಶೆಣೈ ಇಬ್ಬರೂ ಕೊರತೆ ಹಣದ ಅಪಾಯವನ್ನು ಬಲ್ಲವರೇ. ಅವರ ದಾರಿ ಬೇರೆಯಾದದ್ದು ಮುಂದಿನ ಹೆಜ್ಜೆಯಲ್ಲಿ. ಶೆಣೈ ಅವರಿಗೆ ಮಾರುಕಟ್ಟೆಯಲ್ಲಿ ನಂಬಿಕೆ. ಅವರು ಹೊರಗೆ ನಿಂತು ಕೊನೆಯವರೆಗೂ ಎಚ್ಚರಿಸುತ್ತ ಬಂದರು, ಬಹುಕಾಲ ಒಂಟಿಯಾಗಿಯೇ ಉಳಿದರು. ರಾವ್ ಅವರಿಗೆ ಯೋಜನೆಯಲ್ಲಿ, ಸಮಾಜವಾದದಲ್ಲಿ ನಂಬಿಕೆ. ಗಾಂಧೀಜಿಯವರ ವಿಚಾರಗಳತ್ತ ಒಲವು. ಅವರು ಒಳಗೆ ಹೋಗಿ ತಿದ್ದಲು ಹೊರಟರು. ಹೊರಗಿರುವ ಸಲಹೆಗಾರನಿಗೆ ಸ್ವಾತಂತ್ರ್ಯವುಂಟು, ಕೇಳುವವರಿಲ್ಲ. ಒಳಗಿರುವವನ ಮಾತನ್ನು ಕೇಳುವವರುಂಟು, ಆದರೆ ಎಲ್ಲವನ್ನೂ ಹೇಳಲು ಬರುವುದಿಲ್ಲ. ಈ ಎರಡರಲ್ಲಿ ಯಾವುದು ಮೇಲು ಎಂಬುದಕ್ಕೆ ಒಂದೇ ಮಾತಿನ ಉತ್ತರ ಸಿಗುವುದು ಕಷ್ಟ. ಎರಡೂ ಬಗೆಯವರು ಇರುವ ದೇಶ ಕಡಿಮೆ ಎಡವುತ್ತದೆ ಎಂದಷ್ಟೇ ಹೇಳಬಹುದು.

ಜಗತ್ತಿನ ಅಂಗಳದಲ್ಲಿ

ರಾವ್ ಅವರ ಸಲಹೆ ಭಾರತ ಸರ್ಕಾರಕ್ಕಷ್ಟೇ ಸೀಮಿತವಾಗಿರಲಿಲ್ಲ. 1940ರ ದಶಕದ ಕೊನೆಯಲ್ಲಿ ಅವರು ವಿಶ್ವಸಂಸ್ಥೆಯ ಆರ್ಥಿಕ ಅಭಿವೃದ್ಧಿ ಉಪ ಆಯೋಗದ ಅಧ್ಯಕ್ಷರಾಗಿದ್ದರು. ಬಡ ದೇಶಗಳಿಗೆ ರಸ್ತೆ, ನೀರಾವರಿ, ಶಾಲೆಗಳಿಗೆ ಹಣ ಬೇಕು. ಇವು ಕೂಡಲೇ ಲಾಭ ತರುವ ಕೆಲಸಗಳಲ್ಲ, ಹಾಗಾಗಿ ಬ್ಯಾಂಕಿನ ಬಡ್ಡಿಗೆ ಸಾಲ ತಂದು ಮಾಡುವಂತಿಲ್ಲ. ಅತಿ ಕಡಿಮೆ ಬಡ್ಡಿಗೆ, ದೀರ್ಘ ಅವಧಿಗೆ ಸಾಲ ಕೊಡುವ ಒಂದು ಸಂಸ್ಥೆ ವಿಶ್ವಸಂಸ್ಥೆಯ ಅಡಿಯಲ್ಲಿ ಇರಬೇಕು ಎಂದು ರಾವ್ 1949ರಲ್ಲಿ ಸೂಚಿಸಿದರು.

ಶ್ರೀಮಂತ ದೇಶಗಳಿಗೆ ಇದು ಹಿಡಿಸಲಿಲ್ಲ. ವಿಶ್ವಬ್ಯಾಂಕೂ ವಿರೋಧಿಸಿತು. ಹೆಸರು ಬದಲಾಯಿತು, ಚರ್ಚೆ ವರ್ಷಗಟ್ಟಲೆ ಎಳೆಯಿತು. ಒಂದು ಹಂತದಲ್ಲಿ ಇಟ್ಟ ಹೆಸರಿನ ಮೊದಲಕ್ಷರಗಳನ್ನು ಕೂಡಿಸಿದರೆ ಇಂಗ್ಲಿಷಿನಲ್ಲಿ 'ಅನ್‌ಫೆಡ್', ಅಂದರೆ 'ಉಣಿಸದ', ಎಂಬ ಅರ್ಥ ಬರುತ್ತಿತ್ತು. ಆ ಮುಜುಗರ ತಪ್ಪಿಸಲು ಹೆಸರಿನ ಮುಂದೆ 'ವಿಶೇಷ' ಎಂಬ ಪದ ಅಂಟಿಸಬೇಕಾಯಿತು! ಕೊನೆಗೆ 1960ರಲ್ಲಿ ಅಂತರರಾಷ್ಟ್ರೀಯ ಅಭಿವೃದ್ಧಿ ಸಂಘ ಹುಟ್ಟಿತು, ಆದರೆ ಹಿಂದೆ ವಿರೋಧಿಸಿದ್ದ ವಿಶ್ವಬ್ಯಾಂಕಿನ ಅಂಗವಾಗಿ. ಬಡ ದೇಶಗಳು ಕೇಳಿದ್ದು ಎಲ್ಲ ದೇಶಗಳಿಗೂ ಸಮಾನ ಮತವಿರುವ ವಿಶ್ವಸಂಸ್ಥೆಯ ಅಡಿಯಲ್ಲಿ. ಸಿಕ್ಕಿದ್ದು ಹಣ ಹಾಕಿದವರ ಮಾತೇ ನಡೆಯುವ ಮನೆಯಲ್ಲಿ. ಆದರೂ ಮೃದು ಸಾಲದ ಕಲ್ಪನೆ ಗೆದ್ದಿತು. ಹಲವು ದಶಕಗಳ ಕಾಲ ಆ ಸಂಘದಿಂದ ಅತಿ ಹೆಚ್ಚು ಸಾಲ ಪಡೆದ ದೇಶ ಭಾರತವೇ. 2014ರಲ್ಲಷ್ಟೇ ನಮ್ಮ ದೇಶ ಆ ಸಾಲಕ್ಕೆ ಅರ್ಹವಾದ ಬಡ ದೇಶಗಳ ಪಟ್ಟಿಯಿಂದ ಹೊರಬಂತು. ಸಲಹೆಗಾರನ ಮಾತು ಫಲಿಸುವುದು ಅನೇಕ ಸಲ ಹೀಗೆಯೇ: ತಡವಾಗಿ, ಬೇರೆಯವರ ಹೆಸರಿನಲ್ಲಿ, ಅರ್ಧ ರೂಪ ಬದಲಾಗಿ.

ಬಳ್ಳಾರಿಯಿಂದ ಸಂಸತ್ತಿಗೆ

1963ರಿಂದ 1966ರವರೆಗೆ ರಾವ್ ಯೋಜನಾ ಆಯೋಗದ ಸದಸ್ಯರು. ಚೀನಾ ಯುದ್ಧದ ಬೆನ್ನಿಗೆ ಪಾಕಿಸ್ತಾನದೊಂದಿಗೆ ಯುದ್ಧ, 1965-66ರ ಭೀಕರ ಬರ, ಅಮೆರಿಕದ ಗೋಧಿಯ ಹಡಗುಗಳಿಗಾಗಿ ಕಾಯುವ ಸ್ಥಿತಿ, 1966ರ ಜೂನ್‌ನಲ್ಲಿ ರೂಪಾಯಿಯ ಅಪಮೌಲ್ಯ ಎಲ್ಲವೂ ಆ ಅವಧಿಯವು. ಯೋಜನೆಯ ಮೇಲಿದ್ದ ಭರವಸೆ ಕುಸಿಯುತ್ತಿದ್ದ ಕಾಲ. ಅಂಥ ಹೊತ್ತಿನಲ್ಲಿ ವಿದ್ವಾಂಸರು ಸಾಮಾನ್ಯವಾಗಿ ಗ್ರಂಥಾಲಯಕ್ಕೆ ಹಿಂದಿರುಗುತ್ತಾರೆ. ರಾವ್ ಚುನಾವಣೆಗೆ ನಿಂತರು.

1967ರಲ್ಲಿ ಅವರು ಗೆದ್ದು ಬಂದ ಕ್ಷೇತ್ರ ಬಳ್ಳಾರಿ. 1971ರಲ್ಲಿ ಮತ್ತೆ ಅಲ್ಲಿಂದಲೇ. ಒಂದೆಡೆ ತುಂಗಭದ್ರೆಯ ಕಾಲುವೆ, ಇನ್ನೊಂದೆಡೆ ಮಳೆಗಾಗಿ ಮುಗಿಲು ನೋಡುವ ಎರೆ ಭೂಮಿ, ಮತ್ತೊಂದೆಡೆ ಸಂಡೂರಿನ ಅದಿರಿನ ಗುಡ್ಡಗಳು. ಭಾರತದ ಅರ್ಥವ್ಯವಸ್ಥೆಯ ಎಲ್ಲ ಪ್ರಶ್ನೆಗಳೂ ಒಂದೇ ಕ್ಷೇತ್ರದಲ್ಲಿ ಸೇರಿದಂತಿದ್ದ ಊರು. ಇಂದಿರಾ ಗಾಂಧಿಯವರ ಸಂಪುಟದಲ್ಲಿ ರಾವ್ ಮೊದಲು ಸಾರಿಗೆ ಮತ್ತು ನೌಕಾ ಸಚಿವರಾದರು. 1969ರಿಂದ 1971ರವರೆಗೆ ಶಿಕ್ಷಣ ಸಚಿವರು.

ಅವರ ಶಿಕ್ಷಣ ಸಚಿವಗಿರಿಯ ಒಂದು ಕೂಸು ನಮ್ಮ ಕಾಲೇಜುಗಳಲ್ಲಿ ಇಂದಿಗೂ ಬದುಕಿದೆ. ಗಾಂಧಿ ಶತಮಾನೋತ್ಸವದ ವರ್ಷವಾದ 1969ರ ಸೆಪ್ಟೆಂಬರ್ 24ರಂದು 37 ವಿಶ್ವವಿದ್ಯಾಲಯಗಳಲ್ಲಿ 40,000 ವಿದ್ಯಾರ್ಥಿಗಳೊಂದಿಗೆ ರಾಷ್ಟ್ರೀಯ ಸೇವಾ ಯೋಜನೆಯನ್ನು ರಾವ್ ಆರಂಭಿಸಿದರು. ಎನ್‌ಎಸ್‌ಎಸ್ ಶಿಬಿರಕ್ಕೆ ಹೋಗಿ ಹಳ್ಳಿಯ ಶಾಲೆಯ ಆವರಣ ಗುಡಿಸಿದ, ಗಿಡ ನೆಟ್ಟ, ರಾತ್ರಿ ನಾಟಕ ಆಡಿದ ಎಷ್ಟೋ ಮಂದಿಗೆ ಇದರ ಹಿಂದೆ ಒಬ್ಬ ಅರ್ಥಶಾಸ್ತ್ರಜ್ಞರಿದ್ದರೆಂದು ಗೊತ್ತಿರಲಾರದು. ಪದವಿ ಪಡೆಯುವವನು ಹಳ್ಳಿಯನ್ನು ಒಮ್ಮೆಯಾದರೂ ಕಣ್ಣಾರೆ ನೋಡಬೇಕು ಎಂಬುದು, ಹೊಲದ ಲೆಕ್ಕವಿಲ್ಲದೆ ದೇಶದ ಲೆಕ್ಕವಿಲ್ಲ ಎಂಬ ಅವರ ಹಳೆಯ ನಂಬಿಕೆಯ ಮುಂದುವರಿಕೆಯಂತೆ ಕಾಣುತ್ತದೆ.

ಸಲಹೆಗಾರರನ್ನು ಬೆಳೆಸುವ ಕೆಲಸ

ಸಚಿವಗಿರಿ ಬರುತ್ತದೆ, ಹೋಗುತ್ತದೆ. ಸಲಹೆಯೂ ಕೇಳುವವನಿರುವವರೆಗೆ ಮಾತ್ರ. ಇದನ್ನು ಚೆನ್ನಾಗಿ ಅರಿತಿದ್ದ ರಾವ್ ತಮ್ಮ ಶಕ್ತಿಯ ದೊಡ್ಡ ಪಾಲನ್ನು ಸಂಸ್ಥೆಗಳನ್ನು ಕಟ್ಟಲು ಬಳಸಿದರು. 1949ರಲ್ಲಿ ದೆಹಲಿ ಅರ್ಥಶಾಸ್ತ್ರ ಶಾಲೆ. 1958ರಲ್ಲಿ ದೆಹಲಿಯಲ್ಲೇ ಆರ್ಥಿಕ ಬೆಳವಣಿಗೆ ಸಂಸ್ಥೆ. ಸಮಾಜ ವಿಜ್ಞಾನಗಳ ಸಂಶೋಧನೆಗೆ ಸರ್ಕಾರದ ನೆರವು ಹೇಗಿರಬೇಕು ಎಂದು ಅವರ ಅಧ್ಯಕ್ಷತೆಯ ಸಮಿತಿ ಕೊಟ್ಟ ವರದಿಯ ಫಲವಾಗಿ 1969ರಲ್ಲಿ ಭಾರತೀಯ ಸಮಾಜ ವಿಜ್ಞಾನ ಸಂಶೋಧನಾ ಮಂಡಳಿ.

ದೆಹಲಿ ಶಾಲೆಗೆ ಮುಂದೆ ಕೆ.ಎನ್. ರಾಜ್, ಜಗದೀಶ್ ಭಗವತಿ, ಅಮರ್ತ್ಯ ಸೇನ್, ಸುಖಮಯ್ ಚಕ್ರವರ್ತಿ, ಮನಮೋಹನ್ ಸಿಂಗ್ ಅವರಂಥವರು ಬಂದು ಪಾಠ ಹೇಳಿದರು. ರಾವ್ ದೆಹಲಿ ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಅವಧಿಯಲ್ಲಿ ಸಮಾಜಶಾಸ್ತ್ರ ವಿಭಾಗ ತೆರೆಯಲು ಕರೆದದ್ದು ನಮ್ಮ ಮೈಸೂರಿನ ಎಂ.ಎನ್. ಶ್ರೀನಿವಾಸ್ ಅವರನ್ನು. ಅರ್ಥಶಾಸ್ತ್ರದ ಮನೆಯಲ್ಲಿ ಸಮಾಜಶಾಸ್ತ್ರಕ್ಕೆ ಜಾಗ ಕೊಡುವ ಮನಸ್ಸು ಎಲ್ಲರಿಗೂ ಇರುವುದಿಲ್ಲ. ಹಳ್ಳಿಯವನು ಸಾಲವನ್ನು ಮದುವೆಗೆ ಏಕೆ ಮಾಡುತ್ತಾನೆ, ಬಾವಿಗೆ ಏಕೆ ಮಾಡುವುದಿಲ್ಲ ಎಂಬುದನ್ನು ಅಂಕಿಯೊಂದೇ ಹೇಳಲಾರದು.

1972ರಲ್ಲಿ ಬೆಂಗಳೂರಿನಲ್ಲಿ ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆಯ ಸಂಸ್ಥೆ ಆರಂಭವಾಯಿತು. ನಾಗರಬಾವಿಯ ಆ ವಿಶಾಲ ಆವರಣವನ್ನು ಐಸೆಕ್ ಎಂದೇ ಬೆಂಗಳೂರಿಗರು ಬಲ್ಲರು. ಸಚಿವರಾಗಿ ಬಂದ ರಾವ್ ಮತ್ತೆ ನಿರ್ದೇಶಕರ ಕುರ್ಚಿಯಲ್ಲಿ ಕೂತರು, ಎಂ.ಎನ್. ಶ್ರೀನಿವಾಸ್ ಅವರೂ ದೆಹಲಿ ಬಿಟ್ಟು ಅಲ್ಲಿಗೆ ಬಂದರು. ದೆಹಲಿಯಲ್ಲಿ ಕೂತು ಇಡೀ ದೇಶಕ್ಕೆ ಸಲಹೆ ಹೇಳುವುದು ಸಾಲದು, ಪ್ರತಿ ರಾಜ್ಯಕ್ಕೂ ತನ್ನದೇ ಲೆಕ್ಕ ತೆಗೆಯುವ ಶಕ್ತಿ ಬೇಕು ಎಂಬ ತಿಳಿವಳಿಕೆ ಇದರ ಹಿಂದಿತ್ತು. ರಾವ್ ಅವರಿಗೆ 1974ರಲ್ಲಿ ಪದ್ಮವಿಭೂಷಣ ಸಂದಿತು. ಅವರು ಬಿಟ್ಟುಹೋದ ಅಪೂರ್ಣ ಆತ್ಮಕಥನ ತೀರಿಕೊಂಡ ನಂತರ ಪುಸ್ತಕವಾಗಿ ಬಂದಿದೆ.

ತಾಲ್ಲೂಕಿನ ಲೆಕ್ಕ

ರಾಜ್ಯವೊಂದು ತನ್ನ ಲೆಕ್ಕ ತಾನೇ ತೆಗೆದರೆ ಏನಾಗುತ್ತದೆ ಎಂಬುದಕ್ಕೆ ಕರ್ನಾಟಕದಲ್ಲೇ ಉದಾಹರಣೆ ಇದೆ. ಉತ್ತರ ಕರ್ನಾಟಕ ಹಿಂದುಳಿದಿದೆ ಎಂಬ ಕೂಗು ಏಕೀಕರಣದ ದಿನದಿಂದ ಇತ್ತು. ಎಷ್ಟು ಹಿಂದುಳಿದಿದೆ, ಎಲ್ಲಿ, ಯಾವುದರಲ್ಲಿ ಎಂದು ಕೇಳಿದರೆ ಭಾಷಣ ಸಿಗುತ್ತಿತ್ತು, ಅಂಕಿ ಸಿಗುತ್ತಿರಲಿಲ್ಲ. ಅರ್ಥಶಾಸ್ತ್ರಜ್ಞ ಡಿ.ಎಂ. ನಂಜುಂಡಪ್ಪ ಅವರ ಅಧ್ಯಕ್ಷತೆಯ ಉನ್ನತಾಧಿಕಾರ ಸಮಿತಿ 2002ರಲ್ಲಿ ಕೊಟ್ಟ ವರದಿ ಆ ಕೊರತೆಯನ್ನು ತುಂಬಿತು. ಆಗಿದ್ದ 175 ತಾಲ್ಲೂಕುಗಳನ್ನು 35 ಸೂಚಕಗಳಿಂದ ಅಳೆದು, 114 ತಾಲ್ಲೂಕುಗಳು ಹಿಂದುಳಿದಿವೆ, ಅವುಗಳಲ್ಲಿ 39 ಅತ್ಯಂತ ಹಿಂದುಳಿದಿವೆ ಎಂದು ಸಮಿತಿ ಹೇಳಿತು. ಆ 39ರಲ್ಲಿ 21 ಗುಲ್ಬರ್ಗ ವಿಭಾಗದವು. ಎಂಟು ವರ್ಷಗಳಲ್ಲಿ 31,000 ಕೋಟಿ ರೂಪಾಯಿ ವೆಚ್ಚ ಮಾಡಬೇಕೆಂಬ ಶಿಫಾರಸೂ ಅದರಲ್ಲಿತ್ತು.

ದಕ್ಷಿಣದಲ್ಲೂ ಅತ್ಯಂತ ಹಿಂದುಳಿದ 13 ತಾಲ್ಲೂಕುಗಳಿವೆ ಎಂದು ಅದೇ ವರದಿ ತೋರಿಸಿದ್ದು ಗಮನಾರ್ಹ. ಉತ್ತರ-ದಕ್ಷಿಣ ಎಂದು ಬಾಯಿಮಾತಿನ ಜಗಳವಾಗಿದ್ದುದು ಹೀಗೆ ತಾಲ್ಲೂಕುವಾರು ಪ್ರಶ್ನೆಯಾಯಿತು. ಮುಂದಿನ ಸರ್ಕಾರಗಳು ಆ ತಾಲ್ಲೂಕುಗಳಿಗೆ ವಿಶೇಷ ಅನುದಾನ ಕೊಡುತ್ತ ಬಂದವು. ಹೈದರಾಬಾದ್ ಕರ್ನಾಟಕಕ್ಕೆ ವಿಶೇಷ ಸ್ಥಾನ ನೀಡುವ ಸಂವಿಧಾನದ 371(ಜೆ) ವಿಧಿ ಬಂದಾಗಲೂ, ರಾವ್ ಪ್ರತಿನಿಧಿಸಿದ್ದ ಬಳ್ಳಾರಿ ಅದರ ವ್ಯಾಪ್ತಿಗೆ ಸೇರಿದಾಗಲೂ, ಚರ್ಚೆಗೆ ಈ ಅಂಕಿಗಳೇ ಆಧಾರವಾಗಿ ನಿಂತವು. ವರದಿಯೊಂದೇ ಬಡತನ ಅಳಿಸದು, ನಿಜ. ಆದರೆ ವರದಿ ಇಲ್ಲದಿದ್ದರೆ ಹಕ್ಕು ಕೇಳುವವನ ಕೈ ಬರಿದು.

ಎಣಿಸದಿದ್ದರೆ ಏನಾಗುತ್ತದೆ

ರಾವ್ ಅವರ ಲೆಕ್ಕವೂ ಪೂರ್ಣವಾಗಿರಲಿಲ್ಲ. ರಾಷ್ಟ್ರೀಯ ವರಮಾನದ ವಿಧಾನವೇ ಕೆಲವರನ್ನು ಕಾಣುವುದಿಲ್ಲ. ನೀರು ಹೊರುವ, ಸೌದೆ ತರುವ, ಅಡುಗೆ ಮಾಡುವ, ಮಕ್ಕಳು ಮುದುಕರನ್ನು ನೋಡಿಕೊಳ್ಳುವ ಹೆಂಗಸಿನ ದುಡಿಮೆಗೆ ಅದರಲ್ಲಿ ಬೆಲೆಯಿಲ್ಲ. 2019ರಲ್ಲಿ ನಡೆದ ರಾಷ್ಟ್ರೀಯ ಸಮಯ ಬಳಕೆ ಸಮೀಕ್ಷೆಯ ಪ್ರಕಾರ ಸಂಬಳವಿಲ್ಲದ ಮನೆಗೆಲಸದಲ್ಲಿ ತೊಡಗಿದ ಹೆಂಗಸರು ದಿನಕ್ಕೆ ಅದರಲ್ಲಿ ಕಳೆಯುವ ಸಮಯ ಸರಾಸರಿ 299 ನಿಮಿಷ; ಅದೇ ಕೆಲಸಕ್ಕೆ ಕೈ ಹಾಕುವ ಗಂಡಸರದು 97 ನಿಮಿಷ. ಯಾವುದನ್ನು ಎಣಿಸಬೇಕು ಎಂಬ ತೀರ್ಮಾನವೂ ಒಂದು ಅಧಿಕಾರವೇ ಎಂಬುದನ್ನು ಇದು ನೆನಪಿಸುತ್ತದೆ.

ಎಣಿಸುವ ಕೆಲಸವೇ ನಿಂತರೆ ಪರಿಣಾಮ ಇನ್ನೂ ಕಠಿಣ. 2017-18ರ ಕುಟುಂಬ ವೆಚ್ಚ ಸಮೀಕ್ಷೆಯ ಫಲಿತಾಂಶವನ್ನು, ಗುಣಮಟ್ಟದ ಕಾರಣ ಹೇಳಿ, ಪ್ರಕಟಿಸುವುದಿಲ್ಲ ಎಂದು ಕೇಂದ್ರ ಸರ್ಕಾರ 2019ರಲ್ಲಿ ತಿಳಿಸಿತು. 2011-12ರ ನಂತರ ಜನ ಏನು ಉಣ್ಣುತ್ತಾರೆ, ಏನು ಕೊಳ್ಳುತ್ತಾರೆ ಎಂಬ ಅಧಿಕೃತ ಚಿತ್ರ ಸಿಗಲು 2022-23ರ ಸಮೀಕ್ಷೆಯವರೆಗೆ ಕಾಯಬೇಕಾಯಿತು. 2021ರಲ್ಲಿ ಆಗಬೇಕಿದ್ದ ಜನಗಣತಿ ಕೊರೋನಾ ಕಾರಣದಿಂದ ಮುಂದಕ್ಕೆ ಹೋಗಿ, ಆಮೇಲೆ 2027ಕ್ಕೆ ನಿಗದಿಯಾಯಿತು. 2013ರ ಆಹಾರ ಭದ್ರತಾ ಕಾಯ್ದೆಯಡಿ ಎಷ್ಟು ಜನಕ್ಕೆ ಪಡಿತರ ಎಂಬುದು ನಿಂತಿರುವುದು 2011ರ ಜನಸಂಖ್ಯೆಯ ಮೇಲೆ. ಆಮೇಲೆ ಹೆಚ್ಚಿದ ಜನಸಂಖ್ಯೆ ಆ ಲೆಕ್ಕದ ಒಳಗೆ ಬರಲಿಲ್ಲ. ಅಂಕಿಯ ವಿಳಂಬ ಕೊನೆಗೆ ಯಾರದೋ ತಟ್ಟೆಯನ್ನು ಮುಟ್ಟುತ್ತದೆ.

ವಸಾಹತು ಸರ್ಕಾರದ ಕಾಲದಲ್ಲಿ, ಶಾನುಭೋಗರ ಆಣೆವಾರಿಯನ್ನೂ ಬಿಡದೆ ಜರಡಿ ಹಿಡಿದು, 62 ರೂಪಾಯಿ ಎಂದು ಹೇಳಿ, ಇದರಲ್ಲಿ ಇಷ್ಟು ತಪ್ಪಿರಬಹುದು ಎಂದೂ ಸೇರಿಸಿದ ಆ ತರುಣ ಸಂಶೋಧಕನ ನಡತೆ ಈ ಹೊತ್ತಿಗೂ ಮಾದರಿ. ರಾವ್ ನಂಬಿದ್ದ ಯೋಜನಾಬದ್ಧ ಸಮಾಜವಾದದ ಹಲವು ಕಟ್ಟಡಗಳು ಅವರ ಕಣ್ಮುಂದೆಯೇ ಬಿರುಕು ಬಿಟ್ಟವು; ಅವರು ಸದಸ್ಯರಾಗಿದ್ದ ಯೋಜನಾ ಆಯೋಗ 2015ರ ಆರಂಭದಲ್ಲಿ ನೀತಿ ಆಯೋಗಕ್ಕೆ ಜಾಗ ಬಿಟ್ಟುಕೊಟ್ಟಿತು. ಅವರ ಸಲಹೆಗಳಲ್ಲಿ ಕೆಲವು ಫಲಿಸಿದವು, ಕೆಲವು ಹಳತಾದವು. ಹಳತಾಗದೆ ಉಳಿದದ್ದು ಸಲಹೆ ಹೇಳುವ ಮೊದಲು ಎಣಿಸಬೇಕು, ಎಣಿಸಿದ್ದನ್ನು ಆಳುವವರ ಮುಖ ನೋಡದೆ ಹೇಳಬೇಕು, ತಾನಿಲ್ಲದ ಮೇಲೂ ಎಣಿಸುವವರು ಇರುವಂತೆ ನೋಡಿಕೊಳ್ಳಬೇಕು ಎಂಬ ಪಾಠ. ಆ ಕೆಲಸ ಕೇವಲ ಅರ್ಥಶಾಸ್ತ್ರಜ್ಞರದಲ್ಲ. ಮನೆ ಬಾಗಿಲಿಗೆ ಗಣತಿದಾರರು ಬಂದಾಗ ಕೂತು ನಿಜವಾದ ಉತ್ತರ ಕೊಡುವವನೂ, ಪ್ರಕಟವಾಗದ ಅಂಕಿ ಎಲ್ಲಿ ಎಂದು ಸರ್ಕಾರವನ್ನು ಕೇಳುವವನೂ ಅದರಲ್ಲಿ ಪಾಲುದಾರರೇ.